ಕಾಳಿ ಹೊಳೆ: ಓದುಗರ ಏಳು ಪ್ರಶ್ನೆ, ತಜ್ಞರ ಉತ್ತರ

ಜೊಯಿಡಾದ ಡಿಗ್ಗಿ ಘಟ್ಟದಲ್ಲಿ ಹುಟ್ಟುವ ಕಾಳಿ ದಾಂಡೇಲಿ ಪೇಟೆಯ ಮಗ್ಗುಲಲ್ಲಿ ಹರಿದು, ಸುಮಾರು 184 ಕಿ.ಮೀ. ದೂರದ ಕೋಡಿಬಾಗದಲ್ಲಿ ಕಡಲು ಸೇರುತ್ತದೆ. ಈ ಹೊಳೆಯ ಬಗ್ಗೆ ಬಂದ ಪತ್ರಗಳಲ್ಲಿ ಏಳಕ್ಕೆ ಈ ಸಲ ಉತ್ತರ.

ಪ್ರಶ್ನೆ: ಹಳೆಯ ಕಾರವಾರ ಈಗಿನ ಜಾಗದಲ್ಲಿ ಇರಲಿಲ್ಲ ಎನ್ನುತ್ತಾರೆ. ಹೌದೇ? ಶಾಲೆಯ ವಸ್ತುಪ್ರದರ್ಶನಕ್ಕೆ ಮಕ್ಕಳು ನಕ್ಷೆ ಬರೆಯುತ್ತಿದ್ದಾರೆ.
— ಶಿಕ್ಷಕಿ, ಕೋಡಿಬಾಗ

ಹೌದು. ಹಳೆಯ ಕಾರವಾರ ಇದ್ದದ್ದು ಈಗಿನ ಪೇಟೆಯಿಂದ ಸುಮಾರು 5 ಕಿ.ಮೀ. ಪೂರ್ವಕ್ಕೆ, ಹೊಳೆಯ ದಂಡೆಯಲ್ಲಿ. ಆಗಿನ ಹಡಗುಗಳಿಗೆ ಆಳಕ್ಕಿಂತ ಆಸರೆ ಮುಖ್ಯ. ಹೊಳೆ ಕಡಲು ಸೇರುವ ಬಾಯಾದ ಅಳಿವೆ ದಾಟಿ ಒಳಗೆ ಬಂದರೆ ಕಡಲಿನ ಗಾಳಿಯ ಕಾಟ ತಪ್ಪುತ್ತಿತ್ತು, ಘಟ್ಟದಿಂದ ಇಳಿದ ಸರಕೂ ಹತ್ತಿರ ಸಿಗುತ್ತಿತ್ತು. ಇಂಗ್ಲಿಷರು 1638ರಲ್ಲಿ ಇಲ್ಲಿ ವ್ಯಾಪಾರದ ಕೋಠಿ ತೆರೆದರು. ಕಾಳುಮೆಣಸು, ಏಲಕ್ಕಿ ಮತ್ತು ಘಟ್ಟದ ಮೇಲೆ ನೇಯ್ದ ನವಿರು ಮಸ್ಲಿನ್ ಬಟ್ಟೆ ಇಲ್ಲಿಂದ ಹಡಗು ಹತ್ತುತ್ತಿದ್ದವು. ಎದುರು ದಂಡೆಯ ಗುಡ್ಡದ ಮೇಲೆ ಸೋಂದೆಯ ಅರಸರು ಕಟ್ಟಿಸಿದ್ದು ಸದಾಶಿವಗಡ. ಗಡ ಯಾರ ಕೈಯಲ್ಲೋ ಅಳಿವೆ ಅವರದು. 1752ರಲ್ಲಿ ಪೋರ್ಚುಗೀಸರು ಗಡ ಹಿಡಿದರು, ಇಂಗ್ಲಿಷರ ಕೋಠಿಗೆ ಬೀಗ ಬಿತ್ತು. 1801ರಲ್ಲಿ ಕಂಪನಿಯ ಪರವಾಗಿ ನಾಡು ಸುತ್ತುತ್ತಿದ್ದ ಬುಕಾನನ್ ಈ ದಾರಿಯಲ್ಲಿ ಬಂದಾಗ ಊರು ಬಹುಪಾಲು ಪಾಳುಬಿದ್ದಿತ್ತು.

ಈಗಿನ ಕಾರವಾರ ಬೇರೆಯೇ ಕಾರಣಕ್ಕೆ ಬೆಳೆದ ಊರು. 1862ರಲ್ಲಿ ಉತ್ತರ ಕನ್ನಡ ಮುಂಬಯಿ ಪ್ರಾಂತಕ್ಕೆ ಸೇರಿದ ಮೇಲೆ, ಮೀನುಗಾರರ ಹಳ್ಳಿಯಾಗಿದ್ದ ಕಡಲಂಚಿನಲ್ಲಿ ಕಚೇರಿ, ಕೋರ್ಟು ಎದ್ದವು. ರವೀಂದ್ರನಾಥ ಠಾಕೂರರ ಅಣ್ಣ ಸತ್ಯೇಂದ್ರನಾಥರು ಇಲ್ಲಿ ಜಿಲ್ಲಾ ನ್ಯಾಯಾಧೀಶರಾಗಿದ್ದದ್ದು ಆ ಬಳಿಕದ ಮಾತು. ಆದ್ದರಿಂದ ಮಕ್ಕಳು ಒಂದಲ್ಲ, ಎರಡು ನಕ್ಷೆ ಬರೆಯಲಿ: ಒಂದರಲ್ಲಿ ಊರಿನ ಮುಖ ಹೊಳೆಗೆ, ಇನ್ನೊಂದರಲ್ಲಿ ಕಡಲಿಗೆ. ಎರಡರಲ್ಲೂ ಕೋಡಿಬಾಗ–ಸದಾಶಿವಗಡ ತಾರಿಯ ಗೆರೆ ಇರಲಿ. 1980ರ ದಶಕದಲ್ಲಿ ಸೇತುವೆ ಆಗುವವರೆಗೆ ಗೋವೆಯ ದಾರಿ ದೋಣಿಯ ಮೇಲೆಯೇ ಸಾಗುತ್ತಿತ್ತು. ಆ ಹಳೆಯ ಸೇತುವೆ 2024ರ ಆಗಸ್ಟ್ 7ರ ನಡುರಾತ್ರಿ ಕಳೆದು ಸುಮಾರು ಒಂದು ಗಂಟೆಗೆ ಕುಸಿಯಿತು. ಲಾರಿಯೊಂದಿಗೆ ನೀರಿಗೆ ಬಿದ್ದ ಚಾಲಕನನ್ನು ಮೇಲೆತ್ತುವಾಗ ಪೊಲೀಸರ ಜೊತೆ ನಿಂತವರು ಸ್ಥಳೀಯ ಮೀನುಗಾರರು.

ಪ್ರಶ್ನೆ: ಸೂಪಾ ಅಣೆಕಟ್ಟು ಅರ್ಧವೂ ತುಂಬಿಲ್ಲ ಎಂದು ಪೇಪರಿನಲ್ಲಿ ಬರುತ್ತದೆ. ಅದೇ ವಾರ ನಮ್ಮ ಅಂಗಳಕ್ಕೆ ಕಾಳಿ ನೀರು ಬಂದಿರುತ್ತದೆ. ಇದು ಹೇಗೆ?
— ಖಾರ್ಗಾ ಜೂಗ

ನಿಮಗೆ ಲೆಕ್ಕಕ್ಕೆ ಬರುವುದು ಸೂಪಾ ಅಲ್ಲ, ಕದ್ರಾ. ಸೂಪಾ 101 ಮೀಟರ್ ಎತ್ತರದ ದೊಡ್ಡ ಕಣಜ, ಸುಮಾರು 147 ಟಿ.ಎಂ.ಸಿ. ನೀರು ಹಿಡಿಯುತ್ತದೆ. ಅದರ ಕೆಳಗೆ ಬೊಮ್ಮನಹಳ್ಳಿ, ಕೊಡಸಳ್ಳಿ, ಕದ್ರಾ ಸಾಲಾಗಿವೆ. ಕಟ್ಟಕಡೆಯ ಕದ್ರಾ ಹಿಡಿಯುವುದು 14 ಟಿ.ಎಂ.ಸಿ.ಯೊಳಗೆ. ಪೂರ್ಣ ಮಟ್ಟ 34.5 ಮೀಟರ್. ಘಟ್ಟದ ಇಳಿಜಾರಿನ ಅತಿ ಜೋರು ಮಳೆ ಬೀಳುವುದು ಸೂಪಾದ ಕೆಳಗೆ. ಆ ನೀರಿಗೆ ಸೂಪಾ ಗೊತ್ತೇ ಇಲ್ಲ, ನೇರ ಕೊಡಸಳ್ಳಿಗೂ ಕದ್ರಾಕ್ಕೂ ಇಳಿಯುತ್ತದೆ.

ಕದ್ರಾದ 50 ಮೆಗಾವಾಟಿನ ಮೂರೂ ಯಂತ್ರ ಪೂರ್ತಿ ಓಡಿದರೆ ಹೊರಗೆ ಹೋಗುವುದು 20 ಸಾವಿರ ಕ್ಯುಸೆಕ್ ಆಸುಪಾಸು. ಒಳಹರಿವು 1 ಲಕ್ಷ ಕ್ಯುಸೆಕ್ ಇದ್ದು, ಜಲಾಶಯದಲ್ಲಿ 3 ಟಿ.ಎಂ.ಸಿ. ಜಾಗ ಉಳಿದಿದೆ ಎನ್ನಿ. ದಿನವಿಡೀ 11,574 ಕ್ಯುಸೆಕ್ ಹರಿದರೆ ಅದು 1 ಟಿ.ಎಂ.ಸಿ. ಈ ಲೆಕ್ಕದಲ್ಲಿ, ಹೆಚ್ಚುವರಿ 80 ಸಾವಿರ ಕ್ಯುಸೆಕ್ ಆ ಜಾಗ ತುಂಬಲು ಹತ್ತು ತಾಸು ಸಾಕು. ಸಂಜೆ ಖಾಲಿ ಕಂಡ ಜಲಾಶಯ ಬೆಳಗಾಗುವುದರೊಳಗೆ ಗೇಟು ತೆಗೆಯುವ ಹಂತಕ್ಕೆ ಬಂದಿರುತ್ತದೆ. 2019ರ ಆಗಸ್ಟ್‌ನಲ್ಲಿ ಕದ್ರಾದ ಕೆಳಗಿನ ಊರುಗಳು ಮುಳುಗಿದವು. ಮಳೆಗಾಲದಲ್ಲಿ ಕದ್ರಾದ ಮಟ್ಟವನ್ನು ತಗ್ಗಿಸಿಯೇ ಇಡಬೇಕೆಂದು ದಂಡೆಯವರು ಹಟ ಹಿಡಿಯುವುದು ಈ ಲೆಕ್ಕದಿಂದಲೇ, ಮತ್ತು ಅದು ನ್ಯಾಯವಾದ ಹಟ. ಮಟ್ಟ ತಗ್ಗಿಸಿದರೆ ನೀರಿನ ಬೀಳು ಕಡಿಮೆಯಾಗಿ ಒಂದಿಷ್ಟು ಕರೆಂಟು ನಷ್ಟ. ತಗ್ಗಿಸದಿದ್ದರೆ ನಷ್ಟ ಕಿನ್ನರ, ಹಳಗಾ, ಉಳಗಾ ಮತ್ತು ಹೊಳೆಯ ನಡುಗಡ್ಡೆಗಳಾದ ಜೂಗಗಳ ಅಂಗಳದ್ದು.

ಪ್ರಕಟಣೆ ಬಂದಾಗ ಮೂರು ಅಂಕಿ ನೋಡಿ: ಒಳಹರಿವು, ಹೊರಹರಿವು, ಇವತ್ತಿನ ಮಟ್ಟ. ಒಳಹರಿವು ಹೊರಹರಿವಿನ ಎರಡು ಪಟ್ಟು ದಾಟಿ, ಮಟ್ಟವೂ ಏರುತ್ತಿದ್ದರೆ ಗೇಟಿನ ಸುದ್ದಿಗೆ ಕಾಯಬೇಡಿ. ನಾಲ್ಕನೆಯದು ನಿಮ್ಮ ಪಂಚಾಂಗದಲ್ಲಿದೆ. ಹುಣ್ಣಿಮೆ, ಅಮಾವಾಸ್ಯೆಯ ಆಚೀಚೆ ಎರಡು ದಿನ ಕಡಲಿನ ಭರತ ದೊಡ್ಡದು, ಕಾರವಾರದಲ್ಲಿ ನಡು ಹಗಲಿನ ಹೊತ್ತಿಗೆ ಮತ್ತು ನಡುರಾತ್ರಿಯ ಸುಮಾರಿಗೆ ತುದಿ ಮುಟ್ಟುತ್ತದೆ. ದಿನಕ್ಕೆ 50 ನಿಮಿಷದಂತೆ ಮುಂದೆ ಸರಿಯುತ್ತದೆ. ಅದೇ ತಾಸಿಗೆ ಗೇಟಿನ ನೀರೂ ಬಂದರೆ ಹೊಳೆಗೆ ಹೋಗಲು ದಾರಿಯಿಲ್ಲ, ಪಕ್ಕಕ್ಕೆ ಹರಡುತ್ತದೆ. ಜೂಗಗಳಲ್ಲಿ ನೀರು ಏರುವುದಕ್ಕಿಂತ ಇಳಿಯುವುದೇ ತಡ ಎಂಬ ನಿಮ್ಮ ಅನುಭವಕ್ಕೂ ಇದೇ ಕಾರಣ.

ಕೆಲಸದ ಕ್ರಮ: ಮೊದಲು ಬಾವಿ ಮೋಟರು ಬಿಚ್ಚಿ ಮೇಲಿಡಿ, ಮುಳುಗಿದ ಮೇಲೆ ಅದು ಸುಟ್ಟಂತೆಯೇ. ದೋಣಿಯನ್ನು ಬಿಗಿಯಾಗಿ ಕಟ್ಟಬೇಡಿ. ಹಗ್ಗ ಗಿಡ್ಡವಾದರೆ ನೀರು ಏರಿದಾಗ ದೋಣಿಯ ಮೂತಿ ಕೆಳಗೆ ಜಗ್ಗಿ ನೀರು ತುಂಬುತ್ತದೆ. ದನಗಳನ್ನು ಕತ್ತಲಾಗುವ ಮೊದಲು ದಾಟಿಸಿ. ಗೋಡೆಯ ಮೇಲೆ ಪ್ರತಿ ನೆರೆಯ ಗುರುತು, ಪಕ್ಕದಲ್ಲಿ ಆ ದಿನದ ಹೊರಹರಿವು ಬರೆದಿಡಿ. ನಾಲ್ಕು ವರ್ಷದಲ್ಲಿ ನಿಮ್ಮ ಮನೆಯದೇ ಅಳತೆಪಟ್ಟಿ ಸಿದ್ಧ.

ಪ್ರಶ್ನೆ: ನಮ್ಮ ಅಜ್ಜಿಯ ಊರು ಸೂಪಾ. ಬೇಸಿಗೆಯಲ್ಲಿ ಹಳೆಯ ಊರು ಕಾಣುತ್ತದೆಯೇ?
— ರಾಮನಗರ

ಕಾಳಿಗೆ ಪಾಂಢರಿ ಸೇರುವ ಸಂಗಮದಲ್ಲಿ ಊರಿತ್ತು, ಅಣೆಕಟ್ಟಾದ ಮೇಲೆ ಮುಳುಗಿತು. ಜಲಾಶಯ ತೀರಾ ಇಳಿದ ವರ್ಷಗಳಲ್ಲಿ ಮಾತ್ರ ಅಳಿದುಳಿದ ಗುರುತು ಮೇಲೆ ಬರುತ್ತದೆ. ಹೋಗುವ ಮೊದಲು ಅನುಮತಿ ಕೇಳಿ, ಒಣಗಿದಂತೆ ಕಾಣುವ ಕೆಸರಿನ ಮೇಲೆ ಕಾಲಿಡಬೇಡಿ. ಮೇಲಿನ ಪದರ ಬಿರುಕುಬಿಟ್ಟಿದ್ದರೂ ಒಳಗೆ ಸೊಂಟದವರೆಗೆ ಹೂಳು ಇರಬಹುದು.

ಪ್ರಶ್ನೆ: ಫೆಬ್ರುವರಿ ಬಂದರೆ ಬಾವಿ ನೀರು ಸವಳು. ಹೊಳೆಯ ಉಪ್ಪು ಬಾವಿಗೆ ಬಂತು ಎನ್ನುತ್ತಾರೆ. ಬೋರ್ ಹೊಡೆಸಿದರೆ ಸರಿಯಾದೀತೇ?
— ಸುಂಕೇರಿ

ಬೋರ್ ಬೇಡ. ದಂಡೆಯ ಮರಳಿನಲ್ಲಿ ಸಿಹಿನೀರು ಉಪ್ಪುನೀರಿನ ಮೇಲೆ ತೇಲಿಕೊಂಡಿರುತ್ತದೆ. ಕಡಲಮಟ್ಟಕ್ಕಿಂತ 1 ಮೀಟರ್ ಮೇಲೆ ಸಿಹಿನೀರು ನಿಂತಿದ್ದರೆ ಅದರ ಕೆಳಗೆ ಹೆಚ್ಚುಕಡಿಮೆ 40 ಮೀಟರ್ ಸಿಹಿನೀರಿನ ಪದರ ಇದ್ದೀತು. ತಿರುಗಿಸಿ ಓದಿದರೆ ಇದೇ ಲೆಕ್ಕ ಹೆದರಿಸುತ್ತದೆ: ಮೇಲಿನ ಮಟ್ಟ ಒಂದು ಗೇಣು ಇಳಿದರೆ ಕೆಳಗಿನ ಉಪ್ಪು ನಲವತ್ತು ಗೇಣು ಮೇಲೇರಲು ಹವಣಿಸುತ್ತದೆ. ಆಳದ ಬೋರ್ ನೇರ ಉಪ್ಪಿಗೇ ಕೊಳವೆ ಇಳಿಸಿದಂತೆ.

ನಿಜ ಕಾರಣ ತಿಳಿಯಲು, ನೀರಿನಲ್ಲಿ ಕರಗಿದ ಲವಣದ ಪ್ರಮಾಣ ತೋರಿಸುವ ಒಂದು ಟಿ.ಡಿ.ಎಸ್. ಮೀಟರು ಸಾಕು. ಬೆಳಿಗ್ಗೆ ಪಂಪು ಹಚ್ಚುವ ಮೊದಲೊಮ್ಮೆ, ಒಂದು ತಾಸು ಓಡಿಸಿ ಮತ್ತೊಮ್ಮೆ ಅಳೆಯಿರಿ. ಪಂಪು ಓಡಿದ ಮೇಲೆ ಅಂಕಿ ಜಿಗಿದರೆ ತಪ್ಪು ಹೊಳೆಯದಲ್ಲ, ಪಂಪಿನದು: ಕೆಳಗಿನ ಉಪ್ಪನ್ನು ನೀವೇ ಎಳೆಯುತ್ತಿದ್ದೀರಿ. ಎರಡೂ ಹೊತ್ತು ಅಂಕಿ ಒಂದೇ ಆಗಿದ್ದು ಹುಣ್ಣಿಮೆ, ಅಮಾವಾಸ್ಯೆಗೆ ಏರುತ್ತಿದ್ದರೆ ಹತ್ತಿರದ ಗಜನಿಯ (ಉಪ್ಪುನೀರಿನ ಅಂಚಿನ ತಗ್ಗು ಗದ್ದೆ) ಒಡ್ಡು ನೋಡಿ. ಒಡ್ಡಿನ ತೂಬಾದ ಜಂತ್ರಡಿಯ ಹಲಗೆ ಕೊಳೆತಿದ್ದರೆ, ಏಡಿ ಬಿಲದಿಂದ ಒಡ್ಡು ಜಿನುಗುತ್ತಿದ್ದರೆ ಪ್ರತಿ ಭರತಕ್ಕೂ ಉಪ್ಪು ನೀರು ಗದ್ದೆಗೆ, ಅಲ್ಲಿಂದ ನಿಮ್ಮ ಬಾವಿಗೆ ಇಳಿಯುತ್ತದೆ. ಕುಡಿಯುವ ನೀರಿಗೆ ಟಿ.ಡಿ.ಎಸ್. ಲೀಟರಿಗೆ 500 ಮಿಲಿಗ್ರಾಮಿನ ಒಳಗಿರಬೇಕು, ಬೇರೆ ನೀರೇ ಇಲ್ಲದಿದ್ದರೆ 2000ದವರೆಗೆ. ಕ್ಲೋರೈಡಿಗೆ ಈ ಮಿತಿಗಳು 250 ಮತ್ತು 1000. ಕುದಿಸಿದರೆ ಉಪ್ಪು ಹೋಗುವುದಿಲ್ಲ, ನೀರು ಆವಿಯಾಗಿ ಇನ್ನಷ್ಟು ಗಟ್ಟಿಯಾಗುತ್ತದೆ. ಕ್ಯಾಂಡಲ್ ಫಿಲ್ಟರಿಗೂ ಉಪ್ಪು ಸಿಕ್ಕುವುದಿಲ್ಲ.

ಪರಿಹಾರ ಅಗ್ಗದ್ದೇ. ಫುಟ್‌ವಾಲ್ವನ್ನು ತಳದಿಂದ ಎತ್ತಿ ನೀರಿನ ಮೇಲ್ಮೈಗೆ ಎರಡು ಅಡಿ ಕೆಳಗೆ ಬರುವಂತೆ ಕಟ್ಟಿ. ಒಂದು ಎಚ್.ಪಿ. ಪಂಪಿನ ಬದಲು ಅರ್ಧ ಎಚ್.ಪಿ. ಹಾಕಿ, ದಿನಕ್ಕೊಮ್ಮೆ ಒಂದು ತಾಸು ಎಳೆಯುವುದನ್ನು 15 ನಿಮಿಷದಂತೆ ನಾಲ್ಕು ಸಲ ಮಾಡಿ. ಮಾಡಿನ ನೀರನ್ನು ಬಾವಿಗೇ ಸುರಿಯುವ ಬದಲು ಬಾವಿಯಿಂದ ಎರಡು ಮೂರು ಮೀಟರ್ ದೂರದ ಗುಂಡಿಗೆ ಬಿಡಿ, ಮರಳು ಅದನ್ನು ಸೋಸಿಕೊಡುತ್ತದೆ. ಬಾವಿ ಆಳ ಮಾಡಿಸುವ ಆಸೆ ಮಾತ್ರ ಬೇಡ. ಅಂದ ಹಾಗೆ, ಕಾಳಿಯ ದಂಡೆಯ ಕಾರವಾರಕ್ಕೆ ನಳದ ನೀರು ಬರುವುದು ಅಂಕೋಲೆಯ ಕಡೆಯ ಗಂಗಾವಳಿಯಿಂದ. ಪೇಟೆಯ ಬದಿಯ ಕಾಳಿ ಭರತದ ಹೊಳೆ, ಅದನ್ನು ನಂಬಿ ಕೊಳಾಯಿ ಹಾಕಲಾಗದು.

ಪ್ರಶ್ನೆ: ಹಿಂದೆ ಒಂದು ಇಳಿತಕ್ಕೆ ಬುಟ್ಟಿ ತುಂಬ ತಿಸ್ರೆ (ಮರಳಿನಲ್ಲಿರುವ ಚಿಪ್ಪುಮೀನು) ಸಿಗುತ್ತಿತ್ತು. ಈಗ ಸಣ್ಣವೇ ಸಿಗುತ್ತವೆ, ಕೆಲವು ಜಾಗದಲ್ಲಿ ಬರೀ ಚಿಪ್ಪು. ಕಾರ್ಖಾನೆ ನೀರೇ ಕಾರಣವೇ?
— ನಂದನಗದ್ದಾ

ಒಂದೇ ಕಾರಣಕ್ಕೆ ಬೆರಳು ತೋರಿಸಿದರೆ ಉಳಿದ ಎರಡು ತಪ್ಪಿಸಿಕೊಳ್ಳುತ್ತವೆ. ಮೊದಲನೆಯದು ಉಪ್ಪು. ಕಡಲ ನೀರಿನಲ್ಲಿ ಲೀಟರಿಗೆ ಸುಮಾರು 35 ಗ್ರಾಂ ಉಪ್ಪಿರುತ್ತದೆ. ತಿಸ್ರೆಗೆ ಮಳೆಗಾಲದ ಸಪ್ಪೆ ನೀರು ಹೊಸದಲ್ಲ, ಚಿಪ್ಪು ಮುಚ್ಚಿಕೊಂಡು ದಿನ ದೂಡುತ್ತದೆ. ಆದರೆ ಮಳೆ ಮುಗಿದ ಮೇಲೆ ಉಪ್ಪು ಮೆಲ್ಲಗೆ ಏರುತ್ತ ಹೋಗಬೇಕು, ಆ ಏರಿಕೆಯಲ್ಲೇ ಮರಿ ಮರಳಿಗೆ ಕೂರುವುದು. ಅಣೆಕಟ್ಟಿಲ್ಲದ ಕಾಲದಲ್ಲಿ ಕಾಳಿ ಮಳೆಗೆ ಉಬ್ಬಿ ಬೇಸಿಗೆಗೆ ಬತ್ತುತ್ತಿತ್ತು. ಈಗ ಬೇಸಿಗೆಯಲ್ಲೂ ಯಂತ್ರ ಓಡಿದಾಗ ಸಿಹಿನೀರು ಬರುತ್ತದೆ, ನಿಂತಾಗ ಕಡಲು ಒಳಗೆ ನುಗ್ಗುತ್ತದೆ. ಹೊಳೆಯ ಗಡಿಯಾರ ಈಗ ಕರೆಂಟಿನ ಬೇಡಿಕೆಯದು. ಓಡಿಹೋಗಲು ಕಾಲಿಲ್ಲದ ಪ್ರಾಣಿಗೆ ಇದು ಕಷ್ಟ. ಹೊನ್ನಾವರದ ಶರಾವತಿಯಲ್ಲಿ ವರ್ಷವಿಡೀ ಸಿಹಿನೀರು ಬಂದು ಚಿಪ್ಪಿನ ಹಾಸು ಬಹುಮಟ್ಟಿಗೆ ಹಾಳಾಯಿತು. ಅಣೆಕಟ್ಟು ಕಾಣದ ಅಘನಾಶಿನಿಯ ಅಳಿವೆಯಲ್ಲಿ ಬೆಳಚು ಎಂಬ ಚಿಪ್ಪುಮೀನು ತೆಗೆದು ಇಂದಿಗೂ ಬದುಕುವವರಿದ್ದಾರೆ.

ಎರಡನೆಯದು ಮರಳು. ತಿಸ್ರೆ ಇರುವುದು ಮೇಲಿನ ಒಂದು ಗೇಣಿನೊಳಗೆ. ಅಲ್ಲಿ ಮರಳು ಎತ್ತಿದರೆ ಹಾಸಿಗೆಯೇ ಹೋಯಿತು, ಗುಂಡಿಯಲ್ಲಿ ತುಂಬುವುದು ಕೆಸರು, ಕೆಸರಿನಲ್ಲಿ ಮರಿ ಉಸಿರುಗಟ್ಟುತ್ತದೆ. ನೀವು ಹೇಳಿದ ಬರೀ ಚಿಪ್ಪಿನ ಜಾಗ ಇಂಥದ್ದಿರಬಹುದು. ಬಾಯಿತೆರೆದ ಜೋಡಿ ಚಿಪ್ಪು ಇದ್ದಲ್ಲೇ ನೆಟ್ಟಗೆ ನಿಂತಿದ್ದರೆ ಅಲ್ಲೇ ಸತ್ತದ್ದು. ಒಂಟಿ ಚಿಪ್ಪು ರಾಶಿಯಾಗಿದ್ದರೆ ನೀರು ತಂದು ಹಾಕಿದ್ದು.

ಮೂರನೆಯದು ನಮ್ಮ ಕೈ. 2 ಸೆಂ.ಮೀ.ಗಿಂತ ಚಿಕ್ಕದನ್ನು ಅಲ್ಲೇ ಬಿಡಿ. ಕಣ್ಣಂದಾಜಿಗಿಂತ ಆ ಅಳತೆಯ ಜರಡಿ ವಾಸಿ. ಮಳೆ ಕಳೆದ ಮೇಲಿನ ತಿಂಗಳುಗಳಲ್ಲಿ ಒಂದು ದಿಬ್ಬವನ್ನು ಯಾರೂ ಮುಟ್ಟದಂತೆ ಕೇರಿಯವರೆಲ್ಲ ಮಾತಾಡಿಕೊಂಡು ಬಿಟ್ಟರೆ ಮುಂದಿನ ವರ್ಷದ ಬೀಜ ಅಲ್ಲಿರುತ್ತದೆ. ಕಾರ್ಖಾನೆಗಿಂತ ಹತ್ತಿರದ ಅಪಾಯ ಪೇಟೆಯ ಗಟಾರ. ತಿಸ್ರೆ ನೀರು ಸೋಸಿ ತಿನ್ನುವ ಜೀವ, ನೀರಲ್ಲಿದ್ದದ್ದೆಲ್ಲ ಅದರೊಳಗೆ ಕೂಡುತ್ತದೆ. ಗಟಾರ ಬಂದು ಸೇರುವ ಬಾಯಲ್ಲಿ ತೆಗೆಯಲೇಬೇಡಿ, ನೀರು ಕೆಂಪಗೆ ತಿರುಗಿದ ದಿನಗಳಲ್ಲೂ ಬೇಡ, ಆ ವಿಷ ಬೇಯಿಸಿದರೂ ಹೋಗುವುದಿಲ್ಲ. ಮರಳು ಬಿಡಿಸಲು ರಾತ್ರಿ ನೆನೆಹಾಕುವಾಗ ತೆಗೆದ ಜಾಗದ ನೀರನ್ನೇ ತನ್ನಿ. ನಳದ ನೀರಿಗೆ ಹಾಕಿದರೆ ಬಾಯಿ ಬಿಗಿದುಕೊಂಡು ಮರಳು ಒಳಗೇ ಉಳಿಯುತ್ತದೆ.

ಪ್ರಶ್ನೆ: ಮೊಸಳೆ ಇರುವ ಕಡೆ ಬಟ್ಟೆ ಒಗೆಯುವುದು ಬಿಡಬೇಕೇ?
— ದಾಂಡೇಲಿ

ಬಿಡಬೇಕು. ಕೊಡದಲ್ಲಿ ನೀರು ಎತ್ತಿ ದಂಡೆಯಿಂದ ನಾಲ್ಕೈದು ಮೀಟರ್ ಹಿಂದೆ ಕೂತು ಒಗೆಯಿರಿ. ಕೋಳಿ, ಮೀನಿನ ಕಸ ಹೊಳೆಗೆ ಎಸೆಯುವ ಜಾಗದಲ್ಲೇ ಮೊಸಳೆ ಕಾಯಲು ಕಲಿಯುತ್ತದೆ, ಮೊದಲು ಅದನ್ನು ನಿಲ್ಲಿಸಿ. ಬೇಸಿಗೆಯಲ್ಲಿ ಮರಳುದಂಡೆಯಲ್ಲಿ ಮೊಟ್ಟೆ ಕಾಯುವ ತಾಯಿ ಇನ್ನೂ ಸಿಟ್ಟಿನದು. ಸೂಪಾದಿಂದ ನೀರು ಬಿಟ್ಟಾಗ ಹೊಳೆ ಸದ್ದಿಲ್ಲದೆ ಏರುತ್ತದೆ ಎಂಬುದೂ ನೆನಪಿರಲಿ.

ಪ್ರಶ್ನೆ: ನಮ್ಮ ಯುವಕ ಮಂಡಳ ಎರಡು ಸಲ ಕಾಂಡ್ಲಾ (ಮ್ಯಾಂಗ್ರೋವ್) ನೆಟ್ಟಿತು. ಎರಡು ಸಲವೂ ಸತ್ತವು.
— ಚಿತ್ತಾಕುಲ

ನೀವು ಕಳಿಸಿದ ಫೋಟೋ ನೋಡಿದರೆ ನೆಟ್ಟದ್ದು ತೀರಾ ತಗ್ಗಿನಲ್ಲಿ. ಇಳಿತದಲ್ಲಿ ಮಾತ್ರ ಬಯಲಾಗುವ ಕೆಸರು ಕಾಂಡ್ಲಾದ ಜಾಗವಲ್ಲ, ಅದು ತಿಸ್ರೆಯದು, ಹಕ್ಕಿಯದು. ಭರತದ ನಡುಮಟ್ಟಕ್ಕಿಂತ ಮೇಲೆ, ದಿನಕ್ಕೆ ಕೆಲವು ತಾಸು ಮಾತ್ರ ಮುಳುಗುವ ಪಟ್ಟಿ ಹುಡುಕಿ. ಆಚೀಚೆ ತಾನಾಗಿ ಎದ್ದ ಗಿಡಗಳ ಬುಡದ ಮಟ್ಟವೇ ನಿಮಗೆ ಅಳತೆಗೋಲು.

ಮಳೆಗಾಲದಲ್ಲಿ ತಾಯಿಮರದಿಂದ ತಾನಾಗಿ ಕಳಚುವ ಕೋಡನ್ನೇ ಆರಿಸಿ, ಕಿತ್ತದ್ದು ಬೇಡ. ಚೂಪು ತುದಿ ಕೆಳಗೆ, ಮೊಗ್ಗು ಮೇಲೆ. ಉದ್ದದ ಮೂರನೇ ಒಂದು ಭಾಗ ಮಾತ್ರ ಕೆಸರಿನೊಳಗೆ, ಗಿಡದಿಂದ ಗಿಡಕ್ಕೆ ಒಂದೂವರೆ ಮೀಟರ್. ಕೋಲಿಗೆ ಕಟ್ಟಬೇಡಿ, ಹಗ್ಗ ತೊಗಟೆ ಉಜ್ಜುತ್ತದೆ, ಕೋಲಿಗೆ ಪ್ಲಾಸ್ಟಿಕ್ ಸಿಕ್ಕಿ ಗಿಡವನ್ನು ಬಾಗಿಸುತ್ತದೆ. ಮೊದಲ ವರ್ಷ ಪ್ರತಿ ದೊಡ್ಡ ಭರತದ ಮಾರನೇ ದಿನ ಹೋಗಿ ಹರಿದ ಬಲೆ, ಚೀಲ ಬಿಡಿಸಿ, ಕಾಂಡಕ್ಕೆ ಅಂಟಿದ ಬಿಳಿ ಚಿಪ್ಪುಹುಳುಗಳನ್ನು ಬೆರಳಿನಿಂದ ಕೆರೆದು ತೆಗೆಯಿರಿ, ಚಾಕು ಬೇಡ. ನೂರು ಗಿಡದಲ್ಲಿ ಹತ್ತಕ್ಕಿಂತ ಹೆಚ್ಚಿನವಕ್ಕೆ ಆ ಚಿಪ್ಪು ಮುತ್ತಿದ್ದರೆ ಇನ್ನೂ ಒಂದು ಗೇಣು ಮೇಲಿನ ಪಟ್ಟಿಗೆ ಸರಿಯಿರಿ.