ಪ್ರತಿಕ್ರಿಯೆ: ರಿಮೋಟ್‌ನಲ್ಲಿ 68 ಡಿಗ್ರಿ ಕಂಡರೆ ಹೆದರಬೇಡಿ

ನಿಮ್ಮ ಮಡಿಕೇರಿ ಹೋಂಸ್ಟೇಯ ಗ್ಯಾಸ್ ಫೈರ್‌ಪ್ಲೇಸ್ ರಿಮೋಟ್ ರೂಮಿನ ತಾಪಮಾನ 68 ಅಂತ ತೋರಿಸುತ್ತಿದೆ, ಕೆಟ್ಟಿದೆಯಾ ಅಂತ ಕೇಳಿದ್ದೀರಿ. ಕೆಟ್ಟಿಲ್ಲ. ಅದು ಫ್ಯಾರನ್‌ಹೀಟ್ ಲೆಕ್ಕ. ನಮ್ಮ ಸೆಲ್ಸಿಯಸ್‌ನಲ್ಲಿ 20 ಡಿಗ್ರಿ, ಅಷ್ಟೇ.

ಬದಲಾಯಿಸುವುದು ಸುಲಭ. ರಿಮೋಟ್ ಪ್ರೋಫ್ಲೇಮ್ ಆಗಿದ್ದರೆ ಮೊದಲು ಫೈರ್‌ಪ್ಲೇಸ್ ಆಫ್ ಮಾಡಿ. ಆಮೇಲೆ ಥರ್ಮೋಸ್ಟಾಟ್ ಬಟನ್, ಮೋಡ್ ಬಟನ್ ಎರಡನ್ನೂ ಒಟ್ಟಿಗೆ ಒತ್ತಿ. ಅಂಕಿಯ ಪಕ್ಕದ ‘ಎಫ್’ ಹೋಗಿ ‘ಸಿ’ ಬರುತ್ತದೆ. ಮ್ಯಾಕ್ಸಿಟ್ರೋಲ್ ಜಿವಿ60 ಆದರೆ ಆಫ್ ಮತ್ತು ಸಣ್ಣ ಜ್ವಾಲೆಯ ಬಟನ್ ಒಟ್ಟಿಗೆ ಹಿಡಿದುಕೊಳ್ಳಿ. ಅದರಲ್ಲಿ ಗಡಿಯಾರವೂ 24 ಗಂಟೆಗೆ ಬದಲಾಗುತ್ತದೆ, ಗಾಬರಿ ಬೇಡ. ಬೇರೆ ಕಂಪನಿಯದಾದರೆ ಬಟನ್‌ಗಳೂ ಬೇರೆ. ಸುಮ್ನೆ ಒತ್ತುತ್ತಾ ಹೋಗಬೇಡಿ, ಮಾಡೆಲ್ ನಂಬರ್ ಇಲ್ಲಿ ಹಾಕಿ.

ಇನ್ನೊಂದು ಮಾತು. ತಾಪಮಾನ ಅಳೆಯುವ ಸೆನ್ಸರ್ ಇರುವುದು ರಿಮೋಟ್‌ನ ಒಳಗೇ. ಅದನ್ನು ಬೆಂಕಿಯ ಪಕ್ಕ ಇಟ್ಟರೆ ಜಾಸ್ತಿ ತೋರಿಸುತ್ತದೆ, ರೂಮ್ ಬೆಚ್ಚಗಾಗುವ ಮೊದಲೇ ಉರಿ ಆರುತ್ತದೆ. ಕಿಟಕಿಯ ತಣ್ಣನೆ ಗಾಳಿಗೆ ಇಟ್ಟರೆ ಉಲ್ಟಾ. ಅತಿಥಿಗಳು ಕೂರುವ ಜಾಗದಲ್ಲೇ ಇಡಿ.

ಮಳೆಗಾಲದಲ್ಲಿ ರೂಮ್ ಪೂರ್ತಿ ಮುಚ್ಚಿರುತ್ತೀರಿ, ಅಲ್ವಾ? ಹೊಗೆ ಹೊರಹೋಗುವ ಕೊಳವೆ ಕಟ್ಟಿಕೊಂಡಿದೆಯಾ ಅಂತ ನೋಡಿಸಿ, ಕಾರ್ಬನ್ ಮಾನಾಕ್ಸೈಡ್ (ವಾಸನೆಯೇ ಇಲ್ಲದ ವಿಷಾನಿಲ) ಅಲಾರಂ ಒಂದನ್ನು ದಯವಿಟ್ಟು ಹಾಕಿಸಿ.