ಹನ್ನಾ ಎಂಬ ಹೆಸರಿನ ನಿಜವಾದ ಅರ್ಥವೇನು? ಮಗಳಿಗೆ ಇಡಬಹುದೇ?

ನೀವು ಕೇಳಿರುವುದು ಮೂರು ಮಾತು: ಹನ್ನಾ ಎಂದರೆ ‘ದೇವರ ಕೃಪೆ’ ಅನ್ನುವುದು ಸರಿಯೇ, ಆನಾ ಮತ್ತು ಹಾನಾ ಇದರದೇ ರೂಪಗಳೇ, ಇಂಗ್ಲಿಷಿನಲ್ಲಿ ಬರೆಯುವಾಗ ಕೊನೆಗೆ ಎಚ್ ಬೇಕೇ.

ಮೊದಲನೆಯದು ಅರ್ಧ ಸರಿ. ಹೀಬ್ರೂವಿನಲ್ಲಿ ಈ ಹೆಸರಿಗೆ ಮೂರೇ ಅಕ್ಷರ: ಹೇತ್, ನೂನ್, ಹೇ. ಧಾತು ಹೇತ್-ನೂನ್-ನೂನ್. ಒಲಿಯುವುದು, ದಯೆ ತೋರುವುದು ಎಂದು ಅದರ ಅರ್ಥ. ಅದೇ ಧಾತುವಿನಿಂದ ಬಂದ ‘ಹೇನ್’ ಎಂಬ ಪದಕ್ಕೆ ಕೃಪೆಯ ಜೊತೆಗೆ ಚೆಲುವು, ಲಾವಣ್ಯ ಎಂಬ ಛಾಯೆಯೂ ಇದೆ. ಆದರೆ ‘ದೇವರು’ ಎಂಬ ಭಾಗ ಹನ್ನಾದೊಳಗೆ ಇಲ್ಲವೇ ಇಲ್ಲ. ಅದು ಇರುವುದು ಇದರ ಬಳಗದ ಬೇರೆ ಹೆಸರುಗಳಲ್ಲಿ: ಯೋಹಾನಾನ್‌ನಲ್ಲಿ (ಜಾನ್ ಆದದ್ದು ಇದೇ) ಮೊದಲಲ್ಲಿ ಸೇರಿದೆ, ಹನನ್ಯದಲ್ಲಿ ಕೊನೆಯಲ್ಲಿ. ಪ್ರಾಚೀನ ನಗರ ಕಾರ್ಥೇಜಿನ ಸೇನಾಪತಿ ಹ್ಯಾನಿಬಲ್‌ನ ಹೆಸರಿನಲ್ಲೂ ಇದೇ ಧಾತು; ಅಲ್ಲಿ ಒಲಿದವನು ಬಾಳ್ ದೇವತೆ, ಅಷ್ಟೇ ವ್ಯತ್ಯಾಸ. ಹೆಸರಿನ ಪಟ್ಟಿ ಮಾಡುವವರು ಇವನ್ನೆಲ್ಲ ಕಲಸಿಬಿಟ್ಟಿದ್ದಾರೆ. ‘ಕೃಪೆ’ ಅಥವಾ ‘ಒಲವು’ ಎಂದರೆ ಸಾಕು.

ಆದರೆ ಈ ಹೆಸರಿಗೆ ತೂಕ ಬಂದದ್ದು ಅರ್ಥದಿಂದಲ್ಲ, ಅದನ್ನು ಹೊತ್ತ ಹೆಂಗಸಿನಿಂದ ಎಂದೇ ನನ್ನ ಅಭಿಪ್ರಾಯ. ಬೈಬಲಿನ ಒಂದನೆಯ ಸಮುವೇಲ ಗ್ರಂಥದ ಆರಂಭದಲ್ಲಿ ಆಕೆ ಬರುತ್ತಾಳೆ. ಎಲ್ಕಾನನ ಇಬ್ಬರು ಹೆಂಡತಿಯರಲ್ಲಿ ಒಬ್ಬಳು, ಮಕ್ಕಳಿಲ್ಲದವಳು. ಮಕ್ಕಳಿರುವ ಸವತಿ ಪೆನಿನ್ನ ಕುಟುಕುತ್ತಲೇ ಇರುತ್ತಾಳೆ. ಶೀಲೋವಿನ ದೇವಾಲಯದಲ್ಲಿ ಹನ್ನಾ ದನಿ ಹೊರಡಿಸದೆ ಬರೀ ತುಟಿ ಆಡಿಸಿ ಪ್ರಾರ್ಥಿಸುವಾಗ, ಯಾಜಕ ಏಲಿ ಅವಳು ಕುಡಿದಿದ್ದಾಳೆಂದು ಗದರುತ್ತಾನೆ. ಆಕೆ ತಲೆ ತಗ್ಗಿಸಿ ಹೊರಟುಹೋಗುವುದಿಲ್ಲ. ಕುಡಿದಿಲ್ಲ, ಮನಸ್ಸಿನ ಸಂಕಟ ತೋಡಿಕೊಳ್ಳುತ್ತಿದ್ದೇನೆ ಎಂದು ಎದುರಿಗೇ ಹೇಳುತ್ತಾಳೆ. ಏಲಿ ಹರಸಿ ಕಳಿಸುತ್ತಾನೆ. ಮುಂದೆ ಹುಟ್ಟಿದವನೇ ಪ್ರವಾದಿ ಸಮುವೇಲ.

ತುಟಿ ಅಲುಗಬೇಕು, ದನಿ ಏರಬಾರದು ಎಂಬ ಪ್ರಾರ್ಥನೆಯ ನಿಯಮವನ್ನು ಯೆಹೂದಿಗಳ ಧರ್ಮಶಾಸ್ತ್ರ ಗ್ರಂಥವಾದ ತಾಲ್ಮುದ್ ತೆಗೆದದ್ದು ಈಕೆಯ ನಡೆಯಿಂದಲೇ. ಏಳು ಮಂದಿ ಪ್ರವಾದಿನಿಯರಲ್ಲಿ ಆಕೆಯನ್ನೂ ಎಣಿಸುತ್ತದೆ. ಯೆಹೂದಿ ಹೊಸವರ್ಷದ ಮೊದಲ ದಿನ ಸಿನಗಾಗ್‌ಗಳಲ್ಲಿ (ಅವರ ಪ್ರಾರ್ಥನಾಮಂದಿರಗಳಲ್ಲಿ) ಓದುವುದೂ ಇದೇ ಕಥೆ. ಲೂಕನ ಸುವಾರ್ತೆಯಲ್ಲಿ ಯೇಸುವಿನ ತಾಯಿ ಮರಿಯಳು ಹಾಡುವ ಹಾಡಿನಲ್ಲಿ, ಸಮುವೇಲ ಹುಟ್ಟಿದ ಮೇಲೆ ಹನ್ನಾ ಹಾಡಿದ ಹಾಡಿನ ಮಾರ್ದನಿ ಸ್ಪಷ್ಟವಾಗಿ ಕೇಳುತ್ತದೆ. ಅರ್ಥ ಮೃದು, ವ್ಯಕ್ತಿ ಗಟ್ಟಿ. ಹೆಸರಿನ ಆಕರ್ಷಣೆ ಇದರಲ್ಲಿದೆ.

ಇನ್ನು ರೂಪಗಳು. ಗ್ರೀಕಿಗೆ ಹೋದಾಗ ಮೊದಲಿನ ಹಕಾರ ಬಿದ್ದು ಆನಾ ಆಯಿತು. ಆ್ಯನ್, ಅನಿತಾ, ಆನ್ಯಾ, ಅನಿಕಾ ಎಲ್ಲ ಅಲ್ಲಿಂದ ಕವಲೊಡೆದವು. ಆದ್ದರಿಂದ ಆನಾ ಇದರದೇ ರೂಪ. ‘ಹಾನಾ’ ವಿಷಯ ಹಾಗಲ್ಲ. ಚೆಕ್ ಭಾಷೆಯ ಹಾನಾ ಈ ಹೆಸರೇ; ಜಪಾನಿನ ಹಾನಾ ಎಂದರೆ ಹೂವು; ಅರಬ್ಬಿಯ ಹನಾ ಎಂದರೆ ಸುಖ. ಮೂರಕ್ಕೂ ಇಂಗ್ಲಿಷ್ ಕಾಗುಣಿತ ಒಂದೇ ಆಗಬಹುದು, ಮೂಲ ಬೇರೆ. ಜೊತೆಗೆ ಅರಬ್ ಕ್ರೈಸ್ತರಲ್ಲಿ ‘ಹನ್ನಾ’ ಗಂಡಸಿನ ಹೆಸರು, ಯೋಹಾನನ ರೂಪ.

ಕೊನೆಯ ಎಚ್ ಇಟ್ಟುಕೊಳ್ಳಿ. ಹೀಬ್ರೂವಿನ ಕೊನೆಯ ‘ಹೇ’ಯ ಗುರುತು ಅದು, ಉಚ್ಚಾರಕ್ಕಲ್ಲ, ಅದರ ಮುಂಚಿನ ‘ಆ’ ಸ್ವರವನ್ನು ತೋರಿಸಲು. ಎಚ್ ಇದ್ದರೆ ಹಿಂದುಮುಂದಾಗಿ ಓದಿದರೂ ಒಂದೇ ಹೆಸರು ಎಂಬ ಮೋಜೂ ಉಂಟು. ಹೀಬ್ರೂವಿನಲ್ಲೂ ಹಾಗೇ ಎಂದು ಯಾರಾದರೂ ಹೇಳಿದರೆ ನಂಬಬೇಡಿ, ಅಲ್ಲಿ ಮೊದಲ ಮತ್ತು ಕೊನೆಯ ಅಕ್ಷರಗಳು ಬೇರೆಬೇರೆ. ದಾಖಲೆಗಳಲ್ಲಿ ಮೊದಲು ಕಳಚಿಕೊಳ್ಳುವುದೂ ಈ ಎಚ್ ಅಥವಾ ಎರಡನೆಯ ಎನ್. ಜನನ ಪ್ರಮಾಣಪತ್ರ ಕೈಗೆ ಬಂದ ದಿನವೇ ಅಕ್ಷರ ಅಕ್ಷರವಾಗಿ ನೋಡಿ. ತಪ್ಪು ಪಾಸ್‌ಪೋರ್ಟಿಗೆ ದಾಟಿದ ಮೇಲೆ ತಿದ್ದಿಸುವುದು ಕಷ್ಟ.

ಕನ್ನಡದಲ್ಲಿ ‘ಹನ್ನಾ’ ಎಂದೇ ಬರೆಯಿರಿ. ಹಳೆಯ ಹೀಬ್ರೂವಿನಲ್ಲಿ ನಕಾರಕ್ಕೆ ಒತ್ತು ಇತ್ತು, ನಮ್ಮ ‘ನ್ನ’ ಅದಕ್ಕೆ ಸರಿಯಾಗಿ ಕೂರುತ್ತದೆ. ಹೇತ್ ಗಂಟಲಿನ ದನಿ, ನಮ್ಮಲ್ಲಿ ಅದಕ್ಕೆ ಅಕ್ಷರವಿಲ್ಲ. ಹಾಗೆಂದು ‘ಖ’ ಹಾಕಿದರೆ ಪಂಜಾಬಿ ಮನೆತನದ ಹೆಸರಾಗಿಬಿಡುತ್ತದೆ. ಇಂಗ್ಲಿಷ್ ರೂಢಿಯವರು ‘ಹ್ಯಾನಾ’ ಎನ್ನುತ್ತಾರೆ, ತಪ್ಪಲ್ಲ. ಮಾತಿನ ಭರದಲ್ಲಿ ಹಕಾರ ನುಂಗುವವರ ಬಾಯಲ್ಲಿ ಮಾತ್ರ ಮಗು ‘ಅನ್ನಾ’ ಆಗುತ್ತಾಳೆ, ಅದಕ್ಕೆ ಸಿದ್ಧರಾಗಿರಿ.

ಹೆಸರು ತೀರಾ ಸಾಮಾನ್ಯವೇ ಎಂದರೆ, ಅಮೆರಿಕದಲ್ಲಿ 1998ರಿಂದ 2000ದವರೆಗೆ ಹೆಣ್ಣುಮಕ್ಕಳ ಹೆಸರುಗಳಲ್ಲಿ ಎಮಿಲಿಯ ನಂತರ ಎರಡನೆಯ ಸ್ಥಾನ ಇದರದು. ಈಗ ಆ ಅಬ್ಬರ ಇಳಿದಿದೆ. ಎರಡನೆಯ ಹೆಸರು ಸೇರಿಸುವುದಿದ್ದರೆ ವ್ಯಂಜನದಿಂದ ಶುರುವಾಗುವುದನ್ನು ಆರಿಸಿ. ಅ, ಆ ಬಂದರೆ ಎರಡೂ ಅಂಟಿಕೊಂಡು ‘ಹನ್ನಾ ಅರುಣಾ’ ಕರೆಯುವಾಗ ‘ಹನ್ನಾರುಣಾ’ ಆಗಿ ಮೊದಲಿನ ಹೆಸರೇ ಕಾಣೆಯಾಗುತ್ತದೆ.