ಬೀಳಿಸುವುದು ಸರಿ, ಕೂರಿಸುವುದು ಯಾರನ್ನು?

ಹಾಸನ ಜಿಲ್ಲೆಯ ನಿವೃತ್ತ ಶಿಕ್ಷಕರೊಬ್ಬರು ಬರೆದ ಪತ್ರದ ಸಾರ ಇದು: "2019ರಲ್ಲಿ ನಮ್ಮ ರಾಜ್ಯದ ಸರ್ಕಾರ ಬಿದ್ದ ರೀತಿ ನೋಡಿದ ಮೇಲೆ ಈ ಪದ್ಧತಿಯ ಮೇಲೇ ಬೇಸರ ಬಂದಿದೆ. ನಾವು ವೋಟು ಹಾಕುವುದು ಐದು ವರ್ಷಕ್ಕೆ. ಶಾಸಕರು ಮಧ್ಯದಲ್ಲೇ ಎದ್ದು ಹೋಗುತ್ತಾರೆ. ಅಮೆರಿಕದಲ್ಲಿ ಅಧ್ಯಕ್ಷರನ್ನು ಒಮ್ಮೆ ಆರಿಸಿದರೆ ನಾಲ್ಕು ವರ್ಷ ಯಾರೂ ಅಲುಗಾಡಿಸುವ ಹಾಗಿಲ್ಲ. ನಾವೂ ಅದನ್ನೇ ಯಾಕೆ ತರಬಾರದು? ಬೇರೆ ದೇಶಗಳು ಇದಕ್ಕೆ ಏನು ಮಾಡಿಕೊಂಡಿವೆ?"

ಮೇಷ್ಟ್ರೇ,

ನಿಮ್ಮ ಬೇಸರ ನ್ಯಾಯವಾದದ್ದೇ. 2019ರ ಜುಲೈ 23ರಂದು ವಿಧಾನಸಭೆಯಲ್ಲಿ ಕುಮಾರಸ್ವಾಮಿಯವರ ಮೈತ್ರಿ ಸರ್ಕಾರದ ಪರ 99, ವಿರುದ್ಧ 105 ಮತ ಬಿತ್ತು. ರಾಜೀನಾಮೆ ಕೊಟ್ಟ ಶಾಸಕರು ಅವತ್ತು ಸದನದ ಒಳಗೇ ಇರಲಿಲ್ಲ. ಮೂರು ದಿನಕ್ಕೆ ಬೇರೆ ಮುಖ್ಯಮಂತ್ರಿ ಬಂದರು. ಹದಿನಾಲ್ಕು ತಿಂಗಳ ಹಿಂದೆ ಸರದಿಯಲ್ಲಿ ನಿಂತು ವೋಟು ಹಾಕಿದ್ದವರನ್ನು ಯಾರೂ ಒಂದು ಮಾತು ಕೇಳಲಿಲ್ಲ. ಇದಕ್ಕೆ ಸಿಟ್ಟು ಬರದಿದ್ದರೆ ಇನ್ಯಾವುದಕ್ಕೆ ಬರಬೇಕು?

ಆದರೆ ನೀವು ಹೇಳುವ ಮದ್ದನ್ನು ನಾನು ಒಪ್ಪಲಾರೆ. ಅಮೆರಿಕದ ಪದ್ಧತಿ ನಮ್ಮ ಹಿರಿಯರ ಕಣ್ಣಿಗೆ ಬೀಳದೆ ಹೋದದ್ದಲ್ಲ. 1948ರ ನವೆಂಬರ್ 4ರಂದು ಕರಡು ಸಂವಿಧಾನವನ್ನು ಸಂವಿಧಾನ ಸಭೆಯ ಮುಂದೆ ಇಡುವಾಗ ಅಂಬೇಡ್ಕರ್ ಈ ವಿಷಯವನ್ನೇ ಬಿಡಿಸಿ ಹೇಳಿದರು. ಅಮೆರಿಕದ ಪದ್ಧತಿಯಲ್ಲಿ ಸ್ಥಿರತೆ ಜಾಸ್ತಿ, ಜವಾಬ್ದಾರಿ ಕಡಿಮೆ. ಬ್ರಿಟನ್ನಿನದರಲ್ಲಿ ಜವಾಬ್ದಾರಿ ಜಾಸ್ತಿ, ಸ್ಥಿರತೆ ಕಡಿಮೆ. ಎರಡನ್ನೂ ಸಮವಾಗಿ ಕೊಡುವ ಪದ್ಧತಿ ಇನ್ನೂ ಹುಟ್ಟಿಲ್ಲ ಎಂದರು. ಕರಡು ಜವಾಬ್ದಾರಿಯ ಕಡೆಗೆ ವಾಲಿದೆ ಎಂದು ಮುಚ್ಚುಮರೆ ಇಲ್ಲದೆ ಹೇಳಿದರು. ಸರ್ಕಾರಕ್ಕೆ ಐದು ವರ್ಷಕ್ಕೊಮ್ಮೆ ಮಾತ್ರ ಅಲ್ಲ, ದಿನಾ ಪರೀಕ್ಷೆ ಆಗಬೇಕು ಎಂಬುದು ಅವರ ನಿಲುವು. ಪ್ರಶ್ನೋತ್ತರ, ಅವಿಶ್ವಾಸ ನಿರ್ಣಯ ಎಲ್ಲ ಅದಕ್ಕೇ ಇರುವುದು.

ಅಮೆರಿಕದ ಸ್ಥಿರತೆಗೂ ಬೆಲೆ ಇದೆ. ಅಲ್ಲಿ ಮೂವರು ಅಧ್ಯಕ್ಷರ ಮೇಲೆ ಒಟ್ಟು ನಾಲ್ಕು ಸಲ ಕೆಳಮನೆ ದೋಷಾರೋಪ ಹೊರಿಸಿದೆ: 1868ರಲ್ಲಿ ಆಂಡ್ರ್ಯೂ ಜಾನ್ಸನ್, 1998ರಲ್ಲಿ ಕ್ಲಿಂಟನ್, 2019 ಮತ್ತು 2021ರಲ್ಲಿ ಟ್ರಂಪ್. ಮೇಲ್ಮನೆಯಾದ ಸೆನೆಟ್ ಒಬ್ಬರನ್ನೂ ಶಿಕ್ಷಿಸಿ ಇಳಿಸಲಿಲ್ಲ. ಅಧ್ಯಕ್ಷರನ್ನೂ ಕದಲಿಸುವ ಹಾಗಿಲ್ಲ, ಕಾಂಗ್ರೆಸ್ಸನ್ನೂ (ಅಲ್ಲಿನ ಸಂಸತ್ತು) ವಿಸರ್ಜಿಸುವ ಹಾಗಿಲ್ಲ. ಖರ್ಚಿನ ಮಸೂದೆಗೆ ಒಮ್ಮತ ಬರದಿದ್ದರೆ ಎಲ್ಲರೂ ಪಟ್ಟು ಹಿಡಿದು ಕೂರುತ್ತಾರೆ. 2025ರ ಅಕ್ಟೋಬರ್ 1ರಿಂದ 43 ದಿನ ಅಲ್ಲಿನ ಕೇಂದ್ರ ಸರ್ಕಾರದ ಎಷ್ಟೋ ಕಚೇರಿಗಳು ಬಾಗಿಲು ಹಾಕಿದ್ದವು, ಲಕ್ಷಾಂತರ ನೌಕರರಿಗೆ ಸಂಬಳ ನಿಂತಿತ್ತು. ಸರ್ಕಾರ ಬೀಳಲಿಲ್ಲ ನಿಜ. ನಡೆಯಲೂ ಇಲ್ಲ.

ಹಾಗಾಗಿ ಇಡೀ ಪದ್ಧತಿಯನ್ನು ಬದಲಿಸುವ ಮಾತು ಬಿಟ್ಟು ಒಂದೇ ಒಂದು ವಿಧಿಯನ್ನು ನೋಡೋಣ. ಜರ್ಮನಿಯ ಸಂವಿಧಾನದ 67ನೇ ವಿಧಿ. ನನ್ನ ಮಟ್ಟಿಗೆ, ಕಳೆದ ಶತಮಾನದಲ್ಲಿ ಸಂವಿಧಾನ ಬರೆದವರು ಯೋಚಿಸಿದ ಜಾಣ ನಿಯಮಗಳಲ್ಲಿ ಇದೂ ಒಂದು.

ಅದರ ಹಿಂದೆ ದೊಡ್ಡ ದುರಂತ ಇದೆ. ಜರ್ಮನಿಯ ಹಿಂದಿನ ಸಂವಿಧಾನದಲ್ಲಿ, ಅಂದರೆ 1919ರ ವೈಮಾರ್ ಸಂವಿಧಾನದಲ್ಲಿ, ಸಂಸತ್ತು ಯಾವಾಗ ಬೇಕಾದರೂ ಚಾನ್ಸಲರನ್ನು (ಸರ್ಕಾರದ ಮುಖ್ಯಸ್ಥರು, ನಮ್ಮ ಪ್ರಧಾನಿಯ ಹಾಗೆ) ಇಳಿಸಬಹುದಿತ್ತು. ಮುಂದೆ ಯಾರು ಅಂತ ಹೇಳಬೇಕಾಗಿರಲಿಲ್ಲ. 1932ರ ಜುಲೈ ಚುನಾವಣೆಯಲ್ಲಿ 608 ಸ್ಥಾನಗಳಲ್ಲಿ ನಾಜಿಗಳಿಗೆ 230, ಕಮ್ಯುನಿಸ್ಟರಿಗೆ 89 ಬಂತು. ಎರಡೂ ಸೇರಿದರೆ ಅರ್ಧಕ್ಕಿಂತ ಜಾಸ್ತಿ. ಬೀದಿಯಲ್ಲಿ ಒಬ್ಬರನ್ನೊಬ್ಬರು ಕೊಲ್ಲುತ್ತಿದ್ದ ಈ ಎರಡು ಪಕ್ಷಗಳು ಕೂಡಿ ಸರ್ಕಾರ ಮಾಡುವ ಪ್ರಶ್ನೆಯೇ ಇರಲಿಲ್ಲ. ಕೂಡಿ ಬೀಳಿಸಲು ಮಾತ್ರ ಯಾವ ಅಡ್ಡಿಯೂ ಇರಲಿಲ್ಲ. ಸೆಪ್ಟೆಂಬರ್ 12ರಂದು ಕಮ್ಯುನಿಸ್ಟರು ಅವಿಶ್ವಾಸ ನಿರ್ಣಯ ತಂದರು. ಚಾನ್ಸಲರ್ ಫಾನ್ ಪಾಪೆನ್ ಸಂಸತ್ತನ್ನು ವಿಸರ್ಜಿಸುವ ಆದೇಶ ಹಿಡಿದು ಮಾತಾಡಲು ಎದ್ದರು. ಸ್ಪೀಕರ್ ಪೀಠದಲ್ಲಿದ್ದ ನಾಜಿ ನಾಯಕ ಗೋರಿಂಗ್ ಅವರ ಕಡೆ ತಿರುಗಿಯೂ ನೋಡದೆ ಮತಕ್ಕೆ ಹಾಕಿದರು. ನಿರ್ಣಯದ ಪರ 512, ವಿರುದ್ಧ 42. ಆಮೇಲೆ ವಿಸರ್ಜನೆಯೇ ನಡೆಯಿತು, ಇನ್ನೊಂದು ಚುನಾವಣೆ ಬಂತು. 1933ರ ಜನವರಿ 30ಕ್ಕೆ ಅಧ್ಯಕ್ಷ ಹಿಂಡನ್‌ಬರ್ಗ್ ಹಿಟ್ಲರನನ್ನು ಚಾನ್ಸಲರ್ ಮಾಡಿದರು.

ವೈಮಾರ್ ಕುಸಿಯಲು ಇದೊಂದೇ ಕಾರಣ ಅಲ್ಲ. ಅಲ್ಲಿನ ಎಷ್ಟೋ ಸರ್ಕಾರಗಳು ಅವಿಶ್ವಾಸ ಮತವಿಲ್ಲದೆ, ಮೈತ್ರಿ ಮುರಿದೇ ಬಿದ್ದವು. ನಿರುದ್ಯೋಗ ಇತ್ತು, ಸಂಸತ್ತನ್ನು ಬದಿಗಿಟ್ಟು ಸುಗ್ರೀವಾಜ್ಞೆಯ ಮೇಲೆ ಆಡಳಿತ ನಡೆಸುತ್ತಿದ್ದ ಅಧ್ಯಕ್ಷರಿದ್ದರು. ಆದರೂ 1948ರ ಸೆಪ್ಟೆಂಬರಿನಲ್ಲಿ ಬಾನ್ ನಗರದಲ್ಲಿ ಹೊಸ ಸಂವಿಧಾನ ಬರೆಯಲು ಕೂತವರಿಗೆ ಆ ದಿನಗಳ ನೆನಪು ಹಸಿಯಾಗಿತ್ತು. 1949ರ ಮೇ 23ರಂದು ಪ್ರಕಟವಾದ ಆ ಸಂವಿಧಾನ ಹೀಗೆ ಹೇಳುತ್ತದೆ: ಚಾನ್ಸಲರ್ ಮೇಲೆ ನಿಮಗೆ ವಿಶ್ವಾಸ ಇಲ್ಲವೇ? ಸರಿ, ಅವರ ಜಾಗಕ್ಕೆ ಇನ್ನೊಬ್ಬರನ್ನು ಬಹುಮತದಿಂದ ಆರಿಸಿ. ಆರಿಸಿದ ಕ್ಷಣಕ್ಕೆ ಹಳಬರು ಹೋದ ಹಾಗೆ. ಆರಿಸಲು ಆಗದಿದ್ದರೆ ಹಳಬರೇ ಇರುತ್ತಾರೆ. ನಿರ್ಣಯ ಮಂಡಿಸಿದ ಮೇಲೆ 48 ಗಂಟೆ ಕಾಯಬೇಕು, ಆತುರದ ಕೆಲಸ ಆಗಬಾರದು ಅಂತ.

ಇಷ್ಟು ವರ್ಷದಲ್ಲಿ ಈ ವಿಧಿ ಬಳಕೆಯಾದದ್ದು ಎರಡೇ ಸಲ. 1972ರ ಏಪ್ರಿಲ್ 27ರಂದು ಚಾನ್ಸಲರ್ ವಿಲ್ಲಿ ಬ್ರಾಂಡ್ಟ್ ಜಾಗಕ್ಕೆ ವಿರೋಧ ಪಕ್ಷದ ರೈನರ್ ಬಾರ್ಜೆಲ್ ಬರಲು 249 ಮತ ಬೇಕಿತ್ತು, ಸಿಕ್ಕಿದ್ದು 247. ಪೂರ್ವ ಜರ್ಮನಿಯ ಗುಪ್ತಚರ ಇಲಾಖೆ ದುಡ್ಡು ಕೊಟ್ಟು ಮತ ಕೆಡಿಸಿತ್ತು ಎಂಬುದು ಆಮೇಲೆ ಹೊರಬಿತ್ತು. ಅಂದರೆ ಜನಪ್ರತಿನಿಧಿಗಳ ಖರೀದಿ ನಮ್ಮಲ್ಲಿ ಮಾತ್ರ ನಡೆಯುವುದಲ್ಲ, ಯಾವ ವಿಧಿಯೂ ಅದನ್ನು ಪೂರ್ತಿ ತಡೆಯುವುದಿಲ್ಲ.

ಎರಡನೆಯದು 1982ರ ಅಕ್ಟೋಬರ್ 1. ಹೆಲ್ಮುಟ್ ಶ್ಮಿಟ್ ಸರ್ಕಾರದಲ್ಲಿದ್ದ ಚಿಕ್ಕ ಪಕ್ಷ ಎಫ್‌ಡಿಪಿ ವಿರೋಧ ಪಕ್ಷದ ಕಡೆಗೆ ಹೋಯಿತು. ಹೆಲ್ಮುಟ್ ಕೋಲ್ 256 ಮತ ಪಡೆದು ಚಾನ್ಸಲರ್ ಆದರು. ಎಲ್ಲ ನಿಯಮದ ಪ್ರಕಾರವೇ ನಡೆದಿತ್ತು. ಆದರೂ ಜನಕ್ಕೆ ಸಮಾಧಾನ ಆಗಲಿಲ್ಲ. ಎಫ್‌ಡಿಪಿಯ ಸದಸ್ಯೆ ಹಿಲ್ಡೆಗಾರ್ಡ್ ಹಾಮ್-ಬ್ರೂಷರ್ ಅವತ್ತೇ ಸದನದಲ್ಲಿ ಎದ್ದು ನಿಂತು, ಮತದಾರರನ್ನು ಕೇಳದೆ ಹೀಗೆ ಮಾಡುವುದು ಸರಿಯಲ್ಲ ಎಂದು ತಮ್ಮ ಪಕ್ಷದ ನಡೆಯನ್ನೇ ವಿರೋಧಿಸಿದರು. ನಿಮ್ಮ ಪತ್ರ ಓದುವಾಗ ನನಗೆ ನೆನಪಾದದ್ದು ಅವರೇ. ಕೊನೆಗೆ ಕೋಲ್ ತಾವೇ ವಿಶ್ವಾಸಮತ ಕೇಳಿ, ಚುನಾವಣೆಗೆ ದಾರಿಯಾಗಲಿ ಎಂದು ಬೇಕೆಂದೇ ಸೋತು, 1983ರ ಮಾರ್ಚಿನಲ್ಲಿ ಚುನಾವಣೆಗೆ ಹೋಗಿ ಗೆದ್ದು ಬಂದರು.

1949ರಿಂದ ಇಲ್ಲಿಯವರೆಗೆ ಜರ್ಮನಿ ಕಂಡದ್ದು ಹತ್ತು ಚಾನ್ಸಲರುಗಳನ್ನು. ಸ್ಪೇನ್ ತನ್ನ 1978ರ ಸಂವಿಧಾನದಲ್ಲಿ ಇದೇ ನಿಯಮ ಇಟ್ಟುಕೊಂಡಿತು. 2018ರ ಜೂನ್ 1ರಂದು ಪ್ರಧಾನಿ ರಹೋಯ್ ಇಳಿದು ಸಾಂಚೆಝ್ ಬಂದದ್ದು ಹಾಗೆ. ನೇರವಾಗಿ ಆರಿಸಿದ ಅಧ್ಯಕ್ಷರೂ ಪ್ರಧಾನಿಯೂ ಇರುವ ಫ್ರಾನ್ಸಿನಲ್ಲಿ ಇಂಥ ನಿಯಮ ಇಲ್ಲ. ಅಲ್ಲಿ 2024ರ ಡಿಸೆಂಬರಿನಲ್ಲಿ ಪ್ರಧಾನಿ ಬಾರ್ನಿಯೇ, ಅವರ ನಂತರ ಬಂದ ಪ್ರಧಾನಿ 2025ರ ಸೆಪ್ಟೆಂಬರಿನಲ್ಲಿ ಬೈರೂ ಬಿದ್ದರು. ಬೀಳಿಸುವಾಗ ಎಡ, ಬಲ ಎರಡೂ ಕೈ ಸೇರಿಸಿದವು.

ಈಗ ನಮ್ಮ ಮನೆಗೆ ಬರೋಣ. ಮೊದಲು ಒಂದು ಸಂಗತಿ: ಲೋಕಸಭೆಯಲ್ಲಿ ಅವಿಶ್ವಾಸ ನಿರ್ಣಯ ಗೆದ್ದು ಸರ್ಕಾರ ಬಿದ್ದದ್ದು ಇವತ್ತಿನವರೆಗೆ ಒಂದೂ ಇಲ್ಲ. ನಮ್ಮಲ್ಲಿ ಸರ್ಕಾರ ಬಿದ್ದಿರುವುದು ವಿಶ್ವಾಸಮತ ಕೇಳಿ ಸೋತಾಗ. ನಿಮ್ಮ ಜಿಲ್ಲೆಯವರೇ ಆದ ದೇವೇಗೌಡರನ್ನು ನೋಡಿ. ಕಾಂಗ್ರೆಸ್ ಬೆಂಬಲ ವಾಪಸ್ ತೆಗೆದುಕೊಂಡಿತು, 1997ರ ಏಪ್ರಿಲ್ 11ರಂದು ಅವರು ವಿಶ್ವಾಸಮತ ಸೋತರು. ಹತ್ತೇ ದಿನದಲ್ಲಿ ಅದೇ ಕಾಂಗ್ರೆಸ್ಸಿನ ಬೆಂಬಲದಿಂದ ಅದೇ ಮೈತ್ರಿಕೂಟದ ಗುಜ್ರಾಲ್ ಪ್ರಧಾನಿ ಆದರು. 1999ರ ಏಪ್ರಿಲ್ 17ರಂದು ವಾಜಪೇಯಿ ಒಂದೇ ಮತದಲ್ಲಿ ಸೋತರು, 269ಕ್ಕೆ 270. ಬೀಳಿಸಿದವರಿಗೆ ಪರ್ಯಾಯ ಕಟ್ಟಲು ಆಗಲಿಲ್ಲ. ಸೋತ ಸರ್ಕಾರವೇ ಉಸ್ತುವಾರಿಯಾಗಿ ಉಳಿದು ಕಾರ್ಗಿಲ್ ಯುದ್ಧ ನಡೆಸಬೇಕಾಯಿತು.

ಅದೇ ವರ್ಷ ಕಾನೂನು ಆಯೋಗ ತನ್ನ 170ನೇ ವರದಿಯಲ್ಲಿ ಜರ್ಮನಿಯ ದಾರಿಯನ್ನು ಶಿಫಾರಸು ಮಾಡಿತು. ಕನ್ನಡಿಗರಾದ ನ್ಯಾಯಮೂರ್ತಿ ವೆಂಕಟಾಚಲಯ್ಯ ಅವರ ನೇತೃತ್ವದ ಸಂವಿಧಾನ ಪರಾಮರ್ಶೆ ಆಯೋಗವೂ 2002ರಲ್ಲಿ ಅದನ್ನೇ ಹೇಳಿತು: ಅವಿಶ್ವಾಸ ನಿರ್ಣಯದ ಜೊತೆಗೇ ಪರ್ಯಾಯ ನಾಯಕನ ಹೆಸರೂ ಮತಕ್ಕೆ ಬರಲಿ. ಎರಡೂ ವರದಿ ಕಪಾಟು ಸೇರಿದವು. ಇದು ನನಗೆ ತುಂಬಾ ನೋವಿನ ಸಂಗತಿ.

ರಾಜ್ಯಗಳ ವಿಷಯಕ್ಕೆ ಬಂದರೆ, 1994ರ ಬೊಮ್ಮಾಯಿ ತೀರ್ಪು ದೊಡ್ಡ ಉಪಕಾರ ಮಾಡಿದೆ. 1989ರಲ್ಲಿ ಎಸ್. ಆರ್. ಬೊಮ್ಮಾಯಿಯವರಿಗೆ ಸದನದಲ್ಲಿ ಬಹುಮತ ತೋರಿಸುವ ಅವಕಾಶವನ್ನೇ ಕೊಡದೆ ಸರ್ಕಾರ ವಜಾ ಮಾಡಲಾಗಿತ್ತು. ಬಹುಮತದ ತೀರ್ಮಾನ ಆಗಬೇಕಾದದ್ದು ಸದನದಲ್ಲಿ, ರಾಜಭವನದಲ್ಲಲ್ಲ ಎಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳ ಪೀಠ ಹೇಳಿತು. ಆದರೆ ಸದನದಲ್ಲಿ ಇವತ್ತಿಗೂ ಕೇಳುವುದು ಇವರಿಗೆ ಬಹುಮತ ಇದೆಯೇ ಅಂತ ಮಾತ್ರ. ಬೇರೆ ಯಾರಿಗಾದರೂ ಇದೆಯೇ ಎಂಬುದನ್ನು ಅದೇ ಮತದಲ್ಲಿ ಕೇಳುವುದಿಲ್ಲ.

ಹಾಗಾದರೆ ಜರ್ಮನಿಯ ನಿಯಮ ಇದ್ದಿದ್ದರೆ 2019ರಲ್ಲಿ ನಮ್ಮ ಸರ್ಕಾರ ಉಳಿಯುತ್ತಿತ್ತೇ ಅಂತ ನೀವು ಕೇಳಬಹುದು. ಹೆಸರು ಸೂಚಿಸಬೇಕು ಎಂಬ ಷರತ್ತೊಂದೇ ಏನೂ ಮಾಡುತ್ತಿರಲಿಲ್ಲ. ವಿರೋಧ ಪಕ್ಷದ ಹತ್ತಿರ ಹೆಸರು ಸಿದ್ಧವಾಗಿಯೇ ಇತ್ತು. ಅಲ್ಲಿ ಕೆಲಸ ಮಾಡುವುದು ಇನ್ನೆರಡು ಸಂಗತಿ. ಒಂದು, ಬುಂಡೆಸ್ಟಾಗ್ (ಜರ್ಮನಿಯ ಸಂಸತ್ತು) ಸದಸ್ಯರು ರಾಜೀನಾಮೆ ಕೊಟ್ಟರೆ ಸಾಮಾನ್ಯವಾಗಿ ಉಪಚುನಾವಣೆ ಇಲ್ಲ. ಅದೇ ಪಕ್ಷದ ಪಟ್ಟಿಯಲ್ಲಿ ಮುಂದಿನ ಹೆಸರಿನವರು ಬಂದು ಕೂರುತ್ತಾರೆ. ರಾಜೀನಾಮೆ ಕೊಡಿಸಿ ಎದುರಾಳಿಯ ಬಲ ಇಳಿಸುವ ಆಟಕ್ಕೆ ಜಾಗವೇ ಇಲ್ಲ. ನಮ್ಮಲ್ಲಿ ಪಟ್ಟಿಯ ಪದ್ಧತಿ ಇಲ್ಲದ್ದರಿಂದ ಇದನ್ನು ಹಾಗೇ ತರುವುದು ಕಷ್ಟ. ಇನ್ನೊಂದನ್ನು ತರಬಹುದು. ಅಲ್ಲಿ ಬಹುಮತವನ್ನು ಎಣಿಸುವುದು ಅವತ್ತು ಹಾಜರಿದ್ದವರ ಲೆಕ್ಕದಲ್ಲಲ್ಲ, ಸದನದ ಒಟ್ಟು ಸದಸ್ಯಬಲದ ಲೆಕ್ಕದಲ್ಲಿ.

ಇದರಲ್ಲೂ ಅಪಾಯ ಇದೆ. ಬಹುಮತ ಇಲ್ಲದ ಸರ್ಕಾರ ಕುಂಟುತ್ತಾ ಕುರ್ಚಿಯಲ್ಲೇ ಉಳಿಯಬಹುದು. 2024ರ ನವೆಂಬರಿನಲ್ಲಿ ಮೈತ್ರಿ ಮುರಿದಾಗ ಚಾನ್ಸಲರ್ ಶೋಲ್ಟ್ಸ್ ಸ್ಥಿತಿ ಹಾಗೇ ಆಗಿತ್ತು. ಅವರು ಡಿಸೆಂಬರ್ 16ರಂದು ವಿಶ್ವಾಸಮತ ಕೇಳಿ ಸೋತರು, ಫೆಬ್ರವರಿಯಲ್ಲಿ ಚುನಾವಣೆ ಆಯಿತು.

ಈ ಎಣಿಕೆಯನ್ನು ನಮ್ಮ ವಿಧಾನಸಭೆಗೆ ಹಾಕಿ ನೋಡಿ ಮೇಷ್ಟ್ರೇ. 224ರಲ್ಲಿ 113 ಬೇಕು. 2019ರ ಜುಲೈನಲ್ಲಿ 99ರ ಕಡೆಯವರಿಗೂ ಅದು ಇರಲಿಲ್ಲ, 105ರ ಕಡೆಯವರಿಗೂ ಇರಲಿಲ್ಲ. ಶೋಲ್ಟ್ಸ್ ವಿಷಯದಲ್ಲಿ ಆದ ಹಾಗೆ, ಎರಡೂ ಕಡೆಯವರು ಕೊನೆಗೆ ನಿಮ್ಮ ಹತ್ತಿರವೇ ವೋಟು ಕೇಳಲು ಬರಬೇಕಾಗುತ್ತಿತ್ತು. ಡಿಸೆಂಬರಿನಲ್ಲಿ ನಡೆದ ಹಾಗೆ 15 ಕ್ಷೇತ್ರಗಳ ಉಪಚುನಾವಣೆಗೆ ಅಲ್ಲ, 224 ಕ್ಷೇತ್ರಗಳಿಗೂ.

- ಸಂಪಾದಕ